ಮೊದಲು ಮಾತು ಕೇಳಿಸಲಿ

ಸೀರಿಯಲ್‌ಗೆ ಬಿಜಿಎಂ ಮಾಡಲು ಕರೆದಿದ್ದಾರೆ ಎಂದೆಯಲ್ಲ, ತುಂಬಾ ಸಂತೋಷ ಕಣಮ್ಮಾ. ಕೀಬೋರ್ಡ್ ನಿನ್ನ ಕೈಗೆ ಒಲಿದಿದೆ, ಆ ಬಗ್ಗೆ ನಾನು ಹೇಳಿಕೊಡುವುದೇನೂ ಇಲ್ಲ. ಎಲ್ಲಿ ನುಡಿಸಬಾರದು ಎಂಬುದರ ಬಗ್ಗೆ ಮಾತ್ರ ಒಂದಿಷ್ಟು ಹೇಳುತ್ತೇನೆ.

ದಿನಾ ಒಂದೊಂದು ಎಪಿಸೋಡು ಟೆಲಿಕಾಸ್ಟ್ ಆಗಬೇಕು. ಎಲ್ಲದಕ್ಕೂ ಹೊಸದಾಗಿ ಸಂಗೀತ ಮಾಡುತ್ತಾ ಕೂರಲು ಪುರುಸೊತ್ತೆಲ್ಲಿ? ಅದಕ್ಕೇ ಅಳುವಿಗೊಂದು, ಸಂಚಿಗೊಂದು, ಅತ್ತೆಯ ಪ್ರವೇಶಕ್ಕೊಂದು ಎಂದು ಮೊದಲೇ ಮಾಡಿಟ್ಟುಕೊಂಡು ಅವನ್ನೇ ತಿರುಗಿಸಿ ಹಾಕುತ್ತಾರೆ. ಹೊಟ್ಟೆಪಾಡು, ತಪ್ಪೇನಿಲ್ಲ. ಆದರೆ ನಟಿಯ ಕಣ್ಣು ತುಂಬುವ ಮುಂಚೆಯೇ ಪಿಟೀಲು ಅತ್ತುಬಿಟ್ಟರೆ ಅವಳಿಗೆ ಮಾಡಲು ಏನು ಉಳಿಯಿತು? ದೃಶ್ಯವನ್ನು ಮೊದಲ ಸಲ ನೋಡುವಾಗ ಕೀಬೋರ್ಡ್ ಮುಟ್ಟಬೇಡ.

ಮಿಕ್ಸ್ ಮುಗಿದ ಮೇಲೂ ಸ್ಟುಡಿಯೋದ ದೊಡ್ಡ ಸ್ಪೀಕರನ್ನೇ ನಂಬಿ ಕೂರಬೇಡ. ಮನೆಯ ಟಿವಿಗೆ ಹಾಕಿ, ಪಕ್ಕದಲ್ಲಿ ಕುಕ್ಕರ್ ಕೂಗುತ್ತಿರುವಾಗ ಕೇಳು. ಜನ ಕೇಳುವುದು ಹಾಗೆಯೇ. ನೀನು ಇಷ್ಟಪಟ್ಟು ಸೇರಿಸಿದ ಬೇಸ್ ಅಲ್ಲಿ ಮಾಯವಾಗಿರುತ್ತದೆ, ಮಾತಿನ ಮೇಲೆ ಕೂತ ಕೊಳಲು ಮಾತ್ರ ಕಿವಿಗೆ ಚುಚ್ಚುತ್ತದೆ.

ಸದ್ದಿನ ಕೆಲಸವನ್ನಂತೂ ಕೀಳಾಗಿ ಕಾಣಬೇಡ. ನಾಳೆ ಆ ಧಾರಾವಾಹಿ ತೆಲುಗಿಗೆ ಡಬ್ ಆಯಿತೆನ್ನು. ಕನ್ನಡದ ಮಾತಿನ ಟ್ರ್ಯಾಕ್ ತೆಗೆದರೆ, ಶೂಟಿಂಗಿನಲ್ಲಿ ಅದೇ ಮೈಕಿಗೆ ಬಿದ್ದಿದ್ದ ಬಳೆ, ಗೆಜ್ಜೆ, ಬಾಗಿಲ ಚಿಲಕ ಎಲ್ಲವೂ ಅದರ ಜತೆಗೇ ಹೋಗುತ್ತವೆ. ನಾಯಕಿ ಸಿಟ್ಟಿನಿಂದ ಕಾಫಿ ಲೋಟ ಕುಕ್ಕುತ್ತಾಳೆ, ಸದ್ದೇ ಇಲ್ಲ! ಆದ್ದರಿಂದ ಅವನ್ನೆಲ್ಲ ಬೇರೆಯಾಗಿ ರೆಕಾರ್ಡ್ ಮಾಡಿ ಮಾತು, ಸಂಗೀತ, ಸದ್ದು ಮೂರನ್ನೂ ಬೇರೆ ಬೇರೆ ಇಡಬೇಕು. ಅಂದಹಾಗೆ, ಸ್ಟೀಲ್ ಲೋಟಕ್ಕೆ ಇಂಟರ್ನೆಟ್ಟಿನಲ್ಲಿ ಸಿಕ್ಕಿದ ಪಿಂಗಾಣಿ ಕಪ್ಪಿನ ಸದ್ದು ಅಂಟಿಸಬೇಡ, ನಮ್ಮ ಜನ ಥಟ್ಟನೆ ಹಿಡಿದುಬಿಡುತ್ತಾರೆ.

ಸಂಗೀತ ನಿರ್ದೇಶಕ ಎಲ್. ವೈದ್ಯನಾಥನ್ ಅವರ ಸಂಗೀತವನ್ನು ಕೇಳು. ಶಂಕರ್ ನಾಗ್ ಆಗುಂಬೆಯಲ್ಲಿ ಚಿತ್ರಿಸಿದ 'ಮಾಲ್ಗುಡಿ ಡೇಸ್' ಶೀರ್ಷಿಕೆಗೆ ಅವರು ಸಾಹಿತ್ಯವನ್ನೇ ಇಟ್ಟುಕೊಳ್ಳಲಿಲ್ಲ, ಬರೀ ತಾನನ. ಭಾಷೆಯ ಹಂಗಿಲ್ಲದೆ ಅದು ಇಡೀ ದೇಶದ ಬಾಯಲ್ಲಿ ನಿಂತಿತು. 1987ರ 'ಪುಷ್ಪಕ ವಿಮಾನ'ಕ್ಕೂ ಅವರದೇ ಸಂಗೀತ. ಸಂಭಾಷಣೆಯಿಲ್ಲದ ಆ ಚಿತ್ರದಲ್ಲಿ ಕಮಲ್ ಹಾಸನ್ ಪಾತ್ರಕ್ಕೆ ಐಷಾರಾಮಿ ಹೋಟೆಲಿನ ಮೌನದಲ್ಲಿ ನಿದ್ದೆಯೇ ಬರುವುದಿಲ್ಲ. ಹಳೆಯ ಬಿಡಾರದ ಗದ್ದಲವನ್ನು ಟೇಪಿಗೆ ಹಿಡಿದು ತಂದು, ಅದನ್ನು ಕೇಳುತ್ತಾ ಮಲಗುತ್ತಾನೆ. ಅಲ್ಲಿ ಸದ್ದೇ ಕತೆ ಹೇಳುತ್ತದೆ. ಆ ದೃಶ್ಯವನ್ನು ಕಣ್ಣು ಮುಚ್ಚಿಕೊಂಡು ಒಮ್ಮೆ, ಕಣ್ಣು ತೆರೆದು ಒಮ್ಮೆ ಕೇಳು.

ಕೊನೆಗೆ, ದುಡ್ಡಿನ ಮಾತು. ಕಲಾವಿದರು ಅದನ್ನು ಆಡಬಾರದು ಎನ್ನುವವರನ್ನು ದೂರವಿಡು. 2012ರ ಕಾಪಿರೈಟ್ ತಿದ್ದುಪಡಿಯ ಪ್ರಕಾರ, ಹಾಡು ಬರೆದವರಿಗೂ ರಾಗ ಹಾಕಿದವರಿಗೂ ರಾಯಲ್ಟಿಯಲ್ಲಿ ಪಾಲಿದೆ, ಅದನ್ನು ನಿರ್ಮಾಪಕರಿಗೆ ಪೂರ್ತಿ ಬಿಟ್ಟುಕೊಡುವ ಹಾಗಿಲ್ಲ. ಅಗ್ರಿಮೆಂಟನ್ನು ತಿಳಿದವರ ಕೈಲಿ ಓದಿಸಿಯೇ ಸಹಿ ಹಾಕು. ಯಾವ ಎಪಿಸೋಡಿನಲ್ಲಿ ಯಾವ ತುಣುಕು ಎಷ್ಟು ಸೆಕೆಂಡ್ ಬಂತೆಂದು ಬರೆದಿಡು. ರಾಯಲ್ಟಿ ಸಂಗ್ರಹಿಸಿ ಹಂಚುವ ಐಪಿಆರ್‌ಎಸ್ ಸಂಸ್ಥೆಯ ಸದಸ್ಯತ್ವಕ್ಕೆ ಅರ್ಜಿಯನ್ನು ಈ ವಾರವೇ ಹಾಕು.