ಊರು ಎನ್ನಲೋ, ದೇಶ ಎನ್ನಲೋ

ಪ್ಯಾಲೆಸ್ತೀನಿ ನಿರ್ದೇಶಕರ ಸಿನಿಮಾಗಳಿಗೆ, ನಮ್ಮ ಪುಟ್ಟ ಚಿತ್ರಸಮಾಜದ ಪ್ರದರ್ಶನಕ್ಕೆಂದು, ಕನ್ನಡ ಸಬ್‌ಟೈಟಲ್ ಬರೆಯುತ್ತೇನೆ. ನನಗೆ ಅರಬ್ಬಿ ಬಾರದು. ಇಂಗ್ಲಿಷ್ ಸಾಲುಗಳನ್ನು ಮುಂದಿಟ್ಟುಕೊಂಡು, ಅರಬ್ಬಿ ಬಲ್ಲ ಗೆಳೆಯರೊಬ್ಬರನ್ನು ಪಕ್ಕದಲ್ಲಿ ಕೂರಿಸಿಕೊಂಡು ಮಾಡುವ ಕೆಲಸ. ತಪ್ಪಿ ತಪ್ಪಿ ಕಲಿತದ್ದು ಇಷ್ಟು.

1. ಶಿಬಿರ ಬೇಡ, ಕ್ಯಾಂಪ್ ಇರಲಿ. ಮಹ್ದಿ ಫ್ಲೈಫೆಲ್ ಅವರ ‘ಎ ವರ್ಲ್ಡ್ ನಾಟ್ ಅವರ್ಸ್’ (2012) ಲೆಬನಾನಿನ ಸೈದಾ ಪಕ್ಕದ ಐನ್ ಅಲ್-ಹಿಲ್ವೆ ಎಂಬ ನಿರಾಶ್ರಿತರ ನೆಲೆಯ ಕಥೆ. ಮೊದಲ ಕರಡಿನಲ್ಲಿ ‘ನಿರಾಶ್ರಿತರ ಶಿಬಿರ’ ಎಂದು ಬರೆದಿದ್ದೆ. ಓದಿದ ಹೆಂಡತಿ, “ಎಷ್ಟು ದಿನದ ಶಿಬಿರ?” ಎಂದಳು. ರಕ್ತದಾನಕ್ಕೂ ಯೋಗಕ್ಕೂ ನಾವು ನಡೆಸುವುದು ಶಿಬಿರವೇ ತಾನೆ! ಐನ್ ಅಲ್-ಹಿಲ್ವೆಯಲ್ಲಾದರೋ 1948ರಲ್ಲಿ ಗಲಿಲೀಯ ಹಳ್ಳಿಗಳಿಂದ ಓಡಿಬಂದವರ ಡೇರೆಗಳಿದ್ದ ಕಡೆ ಈಗ ಒತ್ತೊತ್ತಾಗಿ ಕಾಂಕ್ರೀಟ್ ಮನೆಗಳು. ಸುಮಾರು ಒಂದು ಚದರ ಕಿಲೋಮೀಟರಿನಲ್ಲಿ ಅಜ್ಜನಿಂದ ಮರಿಮೊಮ್ಮಗನವರೆಗೆ ಎಲ್ಲರೂ. ಸಿಂಧನೂರಿನ ಬಂಗಾಳಿಗಳ, ಬೈಲುಕುಪ್ಪೆಯ ಟಿಬೆಟನ್ನರ ನೆಲೆಗಳನ್ನು ನಾವು ಕ್ಯಾಂಪ್ ಎಂದೇ ಕರೆಯುತ್ತೇವೆ. ತಾತ್ಕಾಲಿಕವೆಂದು ಶುರುವಾಗಿ ವಿಳಾಸವೇ ಆಗಿಬಿಟ್ಟ ಜಾಗಕ್ಕೆ ಕನ್ನಡದಲ್ಲಿ ಪದ ಆಗಲೇ ಇತ್ತು.

2. ‘ಬಲದ್’ ಎಂದರೆ ಅರಬ್ಬಿಯಲ್ಲಿ ದೇಶವೂ ಹೌದು, ಊರೂ ಹೌದು. ಇಂಗ್ಲಿಷ್ ಸಾಲು ಒಂದನ್ನು ಆರಿಸಿಕೊಂಡು ಇನ್ನೊಂದನ್ನು ನುಂಗಿರುತ್ತದೆ. ನಾನು ಬಹಳ ಕಾಲ ‘ದೇಶ’ ಎಂದೇ ಬರೆದೆ. ಎಲ್ಲರೂ ಭಾಷಣ ಮಾಡುವವರಂತೆ ಕೇಳಿಸಿದರು. ಈಗ ಅಜ್ಜಂದಿರ ಬಾಯಲ್ಲಿ ‘ಊರು’ ಹಾಕುತ್ತೇನೆ. ತಾನು ಕಣ್ಣಾರೆ ಕಾಣದ ಹಳ್ಳಿಯನ್ನು ‘ನಮ್ಮೂರು’ ಎನ್ನುವ ಹುಡುಗನಿಗೂ ಅದೇ.

3. ಬೈಗುಳವನ್ನು ತೊಳೆಯಬಾರದು. ‘ಎ ವರ್ಲ್ಡ್ ನಾಟ್ ಅವರ್ಸ್’ನಲ್ಲಿ ಬರುವ ಅಬು ಇಯಾದ್ ತನ್ನದೇ ಸಂಘಟನೆಯ ಮೇಲೆ ರೋಸಿಹೋದವನು. ಲೆಬನಾನಿನಲ್ಲಿ ಪ್ಯಾಲೆಸ್ತೀನಿಯರಿಗೆ ವೈದ್ಯಕೀಯ, ವಕೀಲಿಕೆಯಂಥ ಹಲವು ವೃತ್ತಿಗಳು ನಿಷಿದ್ಧ. 2001ರಿಂದ ಮನೆ, ಜಮೀನು ಕೊಳ್ಳುವಂತೆಯೂ ಇಲ್ಲ. ಅಂಥವನ ಬಾಯಿಗೆ ‘ಛೇ’ ತುರುಕಿದರೆ ಪ್ರೇಕ್ಷಕರು ನಗುತ್ತಾರೆ. ನಕ್ಕಿದ್ದಾರೆ ಕೂಡ. ಡೆನ್ಮಾರ್ಕಿಗೆ ಹೋದ ಫ್ಲೈಫೆಲ್ ಅದೇ ಸಿನಿಮಾದ ಹಿನ್ನೆಲೆಯಲ್ಲಿ ಇಂಗ್ಲಿಷಿನಲ್ಲಿ ಕಥೆ ಹೇಳುತ್ತಾರೆ. ಅವರ ಮಾತು ಬರಹದ ಕನ್ನಡಕ್ಕೆ, ಕ್ಯಾಂಪಿನವರದ್ದು ಆಡುಮಾತಿಗೆ ಎಂದು ಭಾಗ ಮಾಡಿದೆ. ಹೊರಟುಹೋದವರಿಗೂ ಅಲ್ಲೇ ಉಳಿದವರಿಗೂ ನಡುವಿನ ದೂರ ಆಗ ತೆರೆಯ ಮೇಲೆ ಕಂಡಿತು.

4. ಬರೆಯಲು ಏನೂ ಇಲ್ಲದಾಗ ಸುಮ್ಮನಿರಬೇಕು. ಕಮಲ್ ಅಲ್‌ಜಾಫರಿ ‘ರಿಕಲೆಕ್ಷನ್’ನಲ್ಲಿ (2015) ಯಾಫಾ ಪಟ್ಟಣದಲ್ಲಿ ಚಿತ್ರೀಕರಿಸಿದ ಹಳೆಯ ಇಸ್ರೇಲಿ ಸಿನಿಮಾಗಳಿಂದ ಮುಂದಿನ ನಟರನ್ನು ಅಳಿಸಿ, ಹಿಂದಿನ ಗೋಡೆ, ಗಲ್ಲಿ, ಅಕಸ್ಮಾತ್ ಸಿಕ್ಕಿಬಿದ್ದ ದಾರಿಹೋಕರನ್ನಷ್ಟೇ ಉಳಿಸಿದರು. ನಟರ ಜೊತೆ ಅವರ ಮಾತೂ ಹೋಯಿತು, ನಾನೂ ಸುಮ್ಮನಾದೆ.

5. ‘ಗುರ್ಬಾ’ ಇನ್ನೂ ಬಗೆಹರಿದಿಲ್ಲ. ತನ್ನವರಿಲ್ಲದ ಕಡೆ ಬದುಕುವ ಸ್ಥಿತಿಗೆ ಆ ಪದ. ಅದೇ ಬೇರಿನ ‘ಗರೀಬ್’ ಎಂದರೆ ಅರಬ್ಬಿಯಲ್ಲಿ ಅಪರಿಚಿತ. ನಮ್ಮಲ್ಲಿಗೆ ಬರುವಷ್ಟರಲ್ಲಿ ಬಡವನಾಗಿದ್ದಾನೆ. ನಮ್ಮ ‘ಪರದೇಶಿ’ಯೂ ಹಾಗೇ, ಹೊರನಾಡಿನವನು ದಿಕ್ಕಿಲ್ಲದವನಾಗಿಬಿಟ್ಟ. ಫ್ಲೈಫೆಲ್‌ರ ‘ಟು ಎ ಲ್ಯಾಂಡ್ ಅನ್‌ನೋನ್’ನಲ್ಲಿ (2024) ಅಥೆನ್ಸ್‌ನಲ್ಲಿ ಸಿಕ್ಕಿಹಾಕಿಕೊಂಡು ಜರ್ಮನಿಯ ಕನಸು ಕಾಣುವ ಇಬ್ಬರು ಸೋದರಸಂಬಂಧಿಗಳಿದ್ದಾರೆ. ಒಬ್ಬನ ಹೆಸರು ಶತೀಲಾ. ಅದು ಬೈರೂತಿನ ಒಂದು ಕ್ಯಾಂಪಿನ ಹೆಸರೂ ಹೌದು. ಆ ಇಬ್ಬರ ಗುರ್ಬಾಕ್ಕೆ ‘ಪರದೇಶಿ ಬಾಳು’ ಎಂದು ಬರೆದು ಗೆಳೆಯರಿಗೆ ತೋರಿಸಿದೆ. “ಅರ್ಥ ಸರಿ, ಆದರೆ ಇದರಲ್ಲಿ ಕನಿಕರ ಜಾಸ್ತಿ” ಎಂದರು. ಅಳಿಸಿದ್ದೇನೆ, ಆ ಸಾಲು ಸದ್ಯಕ್ಕೆ ಖಾಲಿ ಇದೆ.