ಲಾಡ್ಜ್ ಅಂದ್ರೆ ರೂಮ್ ಸಿಗೋ ಜಾಗ ಅಲ್ಲ

ಬಸ್ ಸ್ಟ್ಯಾಂಡ್ ಪಕ್ಕ, ಕೆಳಗೆ ಹೋಟೆಲು ಮೇಲೆ ರೂಮು ಇರೋ ಕಟ್ಟಡವನ್ನೇ ಲಾಡ್ಜ್ ಅಂತ ಕರೆದು ಬೆಳೆದವರು ನಾವು. ಹಾಗಾಗಿ ಕ್ಯಾಲಿಫೋರ್ನಿಯಾದ ಮೆಂಡೊಸಿನೊ ಎಂಬ ಪುಟ್ಟ ಊರಿನ ಮೇಸಾನಿಕ್ ಲಾಡ್ಜ್ ಬಗ್ಗೆ ಮೊದಲು ಓದಿದಾಗ, ಅಲ್ಲಿ ಒಂದು ರಾತ್ರಿಗೆ ಎಷ್ಟು ಬಾಡಿಗೆ ಇರಬಹುದು ಅಂತ ಯೋಚಿಸಿದ್ವಿ (ನಗಬೇಡಿ). ಆದರೆ ಇಲ್ಲಿ ಲಾಡ್ಜ್ ಅಂದ್ರೆ ಫ್ರೀಮೇಸನ್ ಸದಸ್ಯರ ಸಂಘ. ಆ ಸಂಘ ಸೇರುವ ಕಟ್ಟಡಕ್ಕೂ ಜನ ಅದೇ ಹೆಸರು ಹೇಳ್ತಾರೆ.

ಮೆಂಡೊಸಿನೊ ಪೆಸಿಫಿಕ್ ದಂಡೆಯ ಊರು. 1850ರ ದಶಕದಲ್ಲಿ ಮರ ಕೊಯ್ಯುವ ಮಿಲ್‌ನಿಂದಲೇ ಅದು ಬೆಳೆದದ್ದು. ಸುತ್ತಲೂ ರೆಡ್‌ವುಡ್ ಕಾಡು, ಕೊಯ್ದ ಹಲಗೆಗಳು ಹಡಗಿನಲ್ಲಿ ಸ್ಯಾನ್ ಫ್ರಾನ್ಸಿಸ್ಕೋಗೆ ಹೋಗ್ತಿದ್ವು. 1860ರ ದಶಕದಲ್ಲಿ ಎರಿಕ್ ಆಲ್ಬರ್ಟ್‌ಸನ್ ಎಂಬಾತ ಈ ಲಾಡ್ಜ್ ಕಟ್ಟಲು ಶುರು ಮಾಡಿದ. ಮುಗಿಯೋಕೆ ಕೆಲವು ವರ್ಷಗಳೇ ಹಿಡಿದವು. ಕಟ್ಟಡದ ತುದಿಯಲ್ಲಿರೋ ಶಿಲ್ಪವನ್ನೂ ಅವನೇ ಕೆತ್ತಿದ, ಅದೂ ಒಂದೇ ರೆಡ್‌ವುಡ್ ತುಂಡಿನಲ್ಲಿ. ಮುರಿದ ಕಂಬದ ಮುಂದೆ ಒಬ್ಬಳು ಹುಡುಗಿ ನಿಂತಿದ್ದಾಳೆ. ಹಿಂದೆ ರೆಕ್ಕೆ ಇರೋ ಮುದುಕ ಅವಳ ಕೂದಲು ಬಿಡಿಸ್ತಿದ್ದಾನೆ. ನಮಗೆ ಅಜ್ಜ ಮೊಮ್ಮಗಳಿಗೆ ಜಡೆ ಹಾಕೋ ಹಾಗೆ ಕಾಣುತ್ತೆ! ಮುದುಕ ಅಂದ್ರೆ ಕಾಲ. ಮುರಿದ ಕಂಬ ಅಂದ್ರೆ ಕೆಲಸ ಮುಗಿಯೋ ಮೊದಲೇ ಸತ್ತ ಶಿಲ್ಪಿ, ಮೇಸನ್‌ಗಳ ಕತೆಯ ಹೀರಾಮ್. ಜೆರೆಮಿ ಕ್ರಾಸ್ 1819ರಲ್ಲಿ ಅಚ್ಚು ಹಾಕಿಸಿದ ಪುಸ್ತಕದಿಂದ ಈ ಚಿತ್ರ ಅಮೆರಿಕದ ತುಂಬಾ ಹರಡಿತ್ತು.

ಉಪ್ಪುಗಾಳಿಯ ಊರಲ್ಲಿ ಮರದ ಶಿಲ್ಪ ಕೊಳೆಯಲ್ವಾ ಅಂತ ಸಿವಿಲ್ ಬ್ರಾಂಚಿನವರು ಕೇಳಬಹುದು. ರೆಡ್‌ವುಡ್‌ನ ಒಳತಿರುಳಿನಲ್ಲಿ ಟ್ಯಾನಿನ್ ಥರದ ವಸ್ತುಗಳಿವೆ. ಅದಕ್ಕೆ ಹುಳ, ಬೂಷ್ಟು ಬೇಗ ಹಿಡಿಯಲ್ಲ.

ಇನ್ನು ನಮ್ಮನ್ನು ಹಿಡಿದು ನಿಲ್ಲಿಸಿದ್ದು ಇದು: ಮರದ ಮಿಲ್‌ನ ಊರಿಗೆ ಇಂಥ ಸಂಘಗಳು ಯಾಕೆ ಬೇಕಿದ್ದವು? ಗರಗಸಕ್ಕೆ ಕೈ ಸಿಕ್ಕಿದರೆ ಆಗ ಮಾಲೀಕ ಪರಿಹಾರ ಕೊಡಲೇಬೇಕು ಅನ್ನೋ ಕಾನೂನು ಇರಲಿಲ್ಲ. ಕ್ಯಾಲಿಫೋರ್ನಿಯಾದಲ್ಲಿ ಅದು ಕಡ್ಡಾಯವಾಗಿದ್ದು 1913ರ ಕಾಯ್ದೆಯಿಂದ. ಮೇಸನ್ ಸದಸ್ಯ ಕಷ್ಟಕ್ಕೆ ಬಿದ್ದರೆ ಲಾಡ್ಜ್ ಕೈಲಾದ ನೆರವು ಕೊಡ್ತಿತ್ತು. ಆಡ್ ಫೆಲೋಸ್ ಅನ್ನೋ ಇನ್ನೊಂದು ಸಂಘ ಅಮೆರಿಕದಲ್ಲಿ 1819ರಲ್ಲಿ ಬಾಲ್ಟಿಮೋರ್‌ನಲ್ಲಿ ಶುರುವಾದದ್ದು. ಅದು ಒಂದು ಹೆಜ್ಜೆ ಮುಂದೆ: ತಿಂಗಳು ತಿಂಗಳು ವಂತಿಗೆ ಕಟ್ಟಿದವನಿಗೆ ಕಾಯಿಲೆ ಬಿದ್ದಾಗ ವಾರಕ್ಕೆ ಇಷ್ಟು ಅಂತ ದುಡ್ಡು, ಸತ್ತರೆ ಮಣ್ಣಿಗೆ ಖರ್ಚು. ನಮ್ಮ ಮನೆಗಳಲ್ಲಿ ಚೀಟಿ ಹಾಕ್ತಾರಲ್ಲ, ಅದಕ್ಕೆ ಇನ್ಶೂರೆನ್ಸ್ ಸೇರಿಸಿದ ಹಾಗೆ. ರಹಸ್ಯ ಸಂಕೇತ, ಏಪ್ರನ್ನು, ಗುಟ್ಟಿನ ಕೈಕುಲುಕು ನೋಡಿ ಸಿನಿಮಾದವರು ಪಿತೂರಿ ಕತೆ ಹೆಣೀತಾರೆ. ನಮಗೆ ಆ ವಂತಿಗೆ ಪುಸ್ತಕವೇ ಹೆಚ್ಚು ಕುತೂಹಲದ್ದು.

ಆದರೆ ಆ ಪುಸ್ತಕದಲ್ಲಿ ಎಲ್ಲರ ಹೆಸರೂ ಇರುತ್ತಿರಲಿಲ್ಲ. ಹೆಂಗಸರಿಗೆ ಇಂಥ ಫ್ರೀಮೇಸನ್ ಲಾಡ್ಜ್‌ಗಳಲ್ಲಿ ಸದಸ್ಯತ್ವವಿರಲಿಲ್ಲ. ಬಿಳಿಯರ ಲಾಡ್ಜ್‌ಗಳು ಕಪ್ಪುಜನರನ್ನು ಸೇರಿಸ್ತಿರಲಿಲ್ಲ. ಬಾಸ್ಟನ್‌ನ ಪ್ರಿನ್ಸ್ ಹಾಲ್ 1775ರಲ್ಲಿ ಬ್ರಿಟಿಷ್ ಸೇನೆಗೆ ಸೇರಿದ್ದ ಒಂದು ಲಾಡ್ಜ್ ಮೂಲಕ ಮೇಸನ್ ಆಗಿ, ಆಮೇಲೆ ಕಪ್ಪುಜನರ ಲಾಡ್ಜ್ ಕಟ್ಟಬೇಕಾಯ್ತು. ಮೆಂಡೊಸಿನೊದಲ್ಲೇ ಚೀನಾದಿಂದ ಬಂದವರೂ ಇದ್ದರು. ಆಲ್ಬಿಯನ್ ಬೀದಿಯಲ್ಲಿ ಅವರ ಕ್ವಾನ್ ಟಾಯ್ ಗುಡಿ ಈಗಲೂ ಇದೆ. ಕೆಂಪು ಬಣ್ಣ, ಒಂದೇ ಅಂತಸ್ತು, ಎಷ್ಟು ಪುಟ್ಟದು ಅಂದ್ರೆ ಮೇಸನ್‌ಗಳ ಹಾಲ್ ಮುಂದೆ ಔಟ್‌ಹೌಸ್ ಥರ ಕಾಣಬಹುದು.

1935ರ ಸೋಷಿಯಲ್ ಸೆಕ್ಯುರಿಟಿ ಕಾಯ್ದೆ, ಕಂಪನಿ ಇನ್ಶೂರೆನ್ಸ್ ಎಲ್ಲ ಬಂದಮೇಲೆ ಇಂಥ ಸಂಘಗಳ ಒಂದು ದೊಡ್ಡ ಕೆಲಸ ಬೇರೆಯವರ ಪಾಲಾಯ್ತು. ಮೆಂಡೊಸಿನೊದ ಮಿಲ್ ಕೂಡ ಮುಚ್ಚಿತು. ಈಗ ಪ್ರವಾಸಿಗರು ಬರೋ ಊರು ಅದು. ಲಾಡ್ಜ್‌ನ ಕೆಳ ಅಂತಸ್ತಿನಲ್ಲಿ ಬ್ಯಾಂಕ್ ಇದೆ. ಮುದುಕ ಇನ್ನೂ ಮೇಲೆ ನಿಂತು ಕೂದಲು ಬಿಡಿಸ್ತಾನೇ ಇದ್ದಾನೆ.