ಮೈ ಬದಲಾದರೆ ಮುಚ್ಚಿಡಬೇಡಿ, ಕೇಳಿ

ನಲವತ್ತು ದಾಟಿದ ಮೂವರು ಹೆಣ್ಣುಮಕ್ಕಳು ಯಾದಗಿರಿ ಜಿಲ್ಲೆಯಿಂದ ಬರೆದಿದ್ದಾರೆ. ಕನ್ನಡಿ ಮುಂದೆ ನಿಲ್ಲಲು ಮನಸ್ಸಿಲ್ಲ ಎಂಬುದು ಮೂವರ ಸಂಕಟವೂ ಹೌದು. ಸ್ತ್ರೀರೋಗ ತಜ್ಞೆ ಇಲ್ಲಿ ಉತ್ತರಿಸಿದ್ದಾರೆ.

ಪ್ರಶ್ನೆ: ನಾನು ಶಾಲೆಯ ಶಿಕ್ಷಕಿ, ವಯಸ್ಸು 51. ಮುಟ್ಟು ನಿಂತು ಎರಡು ವರ್ಷವಾಯಿತು. ಮೊದಲಿನಷ್ಟೇ ಉಣ್ಣುತ್ತಿದ್ದರೂ ಹೊಟ್ಟೆ ಬಂದಿದೆ. ಹಳೆಯ ಜಂಪರ್ ಒಂದೂ ಆಗುತ್ತಿಲ್ಲ. ಮದುವೆ ಮನೆಯಲ್ಲಿ ಫೋಟೊಕ್ಕೆ ಕರೆದರೆ ಹಿಂದೆ ಸರಿಯುತ್ತೇನೆ. ರಾತ್ರಿ ಊಟ ಬಿಟ್ಟಿದ್ದೇನೆ, ಸರಿಯೇ?
– ಓದುಗರು, ಶಹಾಪುರ

ಉತ್ತರ: ಅಕ್ಕೋರೆ, ಊಟ ಬಿಡಬೇಡಿ. ಮುಟ್ಟು ನಿಲ್ಲುವ ಹೊತ್ತಿಗೆ ಈಸ್ಟ್ರೋಜನ್ ಹಾರ್ಮೋನು ಇಳಿಯುತ್ತದೆ. ಅಲ್ಲಿಯವರೆಗೆ ಸೊಂಟ, ತೊಡೆಯಲ್ಲಿ ಸೇರುತ್ತಿದ್ದ ಕೊಬ್ಬು ಆಮೇಲೆ ಹೊಟ್ಟೆಯ ಸುತ್ತ ಸೇರತೊಡಗುತ್ತದೆ. ಜೊತೆಗೆ ಮಾಂಸಖಂಡವೂ ಕರಗುತ್ತದೆ. ಉಪವಾಸ ಮಾಡಿದರೆ ಅದು ಇನ್ನಷ್ಟು ಕರಗಿ, ಕೈಕಾಲಿನ ಕಸುವು ಹೋಗುತ್ತದೆ. ಹೊಟ್ಟೆ ಬಂದಿರುವುದಕ್ಕೆ ನಿಮ್ಮ ನಾಲಿಗೆ ಚಪಲವೇ ಕಾರಣ ಎಂದುಕೊಂಡು ನಿಮ್ಮನ್ನು ನೀವೇ ಬೈದುಕೊಳ್ಳಬೇಡಿ.

ಆದರೆ ಒಂದು ಅಳತೆ ತೆಗೆಯಿರಿ. ಪಕ್ಕೆಲುಬಿನ ಕೊನೆಗೂ ಸೊಂಟದ ಎಲುಬಿಗೂ ನಡುವೆ ಟೇಪು ಸುತ್ತಿ, ಉಸಿರು ಬಿಟ್ಟು ನೋಡಿ. 80 ಸೆಂಟಿಮೀಟರ್ ಮೀರಿದ್ದರೆ ಬಿಪಿ, ಸಕ್ಕರೆ ಪರೀಕ್ಷೆ ಮಾಡಿಸಿ. ತಾಲ್ಲೂಕು ಆಸ್ಪತ್ರೆಯಲ್ಲಿ ಇವೆರಡನ್ನೂ ನೋಡುತ್ತಾರೆ. ರಾತ್ರಿ ಒಂದು ಜೋಳದ ರೊಟ್ಟಿ, ಅದರ ಜೊತೆ ತೊಗರಿಬೇಳೆ, ಪುಂಡಿಪಲ್ಯ, ಮೊಸರು ಇರಲಿ. ವಾರಕ್ಕೆ ಐದು ದಿನ ಅರ್ಧ ಗಂಟೆ ಚುರುಕಾಗಿ ನಡೆಯಿರಿ. ಎರಡು ದಿನ ಕೈ ಊರದೆ ಕುರ್ಚಿಯಿಂದ ಏಳುವ, ಕೂರುವ ಅಭ್ಯಾಸ ಮಾಡಿ. ಮೊದಲು ಹತ್ತು ಸಲ ಸಾಕು.

ಇನ್ನು ಜಂಪರ್. ಒಳಮಡಿಕೆಯಲ್ಲಿ ಬಟ್ಟೆ ಉಳಿದಿದ್ದರೆ ಟೇಲರ್ ಹೊಲಿಗೆ ಬಿಚ್ಚಿ ಸಡಿಲ ಮಾಡಿಕೊಡುತ್ತಾರೆ. ಉಳಿದಿಲ್ಲದಿದ್ದರೆ ಈಗಿನ ಅಳತೆಗೆ ಹೊಸದು ಹೊಲಿಸಿ. ಉಸಿರು ಬಿಗಿಯುವ ಜಂಪರ್ ತೊಟ್ಟು ದಿನವಿಡೀ ಪಾಠ ಮಾಡುವ ಶಿಕ್ಷೆ ನಿಮಗೆ ಬೇಡ. ಫೋಟೊದಲ್ಲಿ ಮುಂದಿನ ಸಾಲಿನಲ್ಲೇ ನಿಲ್ಲಿ.

ಪ್ರಶ್ನೆ: ನಂದು ತಾಂಡಾ ರೀ. ಮಗಳ ಕೈಲೆ ಬರಸಾಕತ್ತೀನಿ. ಬಿಳಿಸೆರಗು ಹೋಗ್ತದ, ಹೊಟ್ಟಿ ನೋಯ್ತದ ಅಂತ ದವಾಖಾನಿಗಿ ಹೋದ್ರ 33ಕ್ಕೇ ಗರ್ಭಕೋಶ ತೆಗದ್ರು. ಈಗ 42. ಮೈಯಾಗ ಬೆಂಕಿ ಹೊತ್ತಿದಂಗ ಆಗ್ತದ, ಕೂದಲ ಉದುರ್ತದ, ಮಣಕಾಲ ನೋಯ್ತಾವ. ಮಂದಿ ‘ಈಕಿ ಹೆಣ್ತನ ಮುಗೀತು’ ಅಂತಾರ. ಖರೇನಾ ರೀ?
– ಸುರಪುರ ತಾಲ್ಲೂಕು

ಉತ್ತರ: ಖರೆ ಅಲ್ಲ ತಂಗಿ. ಗರ್ಭಕೋಶ ಒಂದು ಅಂಗ, ಅಷ್ಟೇ. ಅದು ಹೋದರೆ ಮುಟ್ಟು ಬರುವುದಿಲ್ಲ, ಬಸಿರಾಗುವುದಿಲ್ಲ. ನಿನ್ನ ಹೆಣ್ತನ, ಗಂಡನ ಜೊತೆಗಿನ ಸುಖ, ಮನೆಯಲ್ಲಿ ನಿನಗಿರುವ ಮಾನ ಯಾವುದೂ ಅದರ ಜೊತೆ ಹೋಗಿಲ್ಲ.

ಬಿಳಿಸೆರಗಿಗೆ ಹೆಚ್ಚಿನ ಸಲ ಮಾತ್ರೆ ಸಾಕು. ಆದರೂ ನಮ್ಮ ಭಾಗದಲ್ಲಿ ಈ ಆಪರೇಷನ್ ಎಷ್ಟೋ ಬಡ ಹೆಣ್ಣುಮಕ್ಕಳ ಮೇಲೆ ಬೇಡದಿದ್ದರೂ ನಡೆದಿದೆ. ಪಕ್ಕದ ಕಲಬುರಗಿ ಜಿಲ್ಲೆಯಲ್ಲಿ ಲಂಬಾಣಿ ತಾಂಡಾದ, ದಲಿತ ಕೇರಿಯ ಮಹಿಳೆಯರ ಗರ್ಭಕೋಶ ತೆಗೆದದ್ದು 2015ರಲ್ಲಿ ದೊಡ್ಡ ಸುದ್ದಿಯಾಗಿ ತನಿಖೆ ನಡೆಯಿತು. ಇಂಥ ಅನಗತ್ಯ ಶಸ್ತ್ರಚಿಕಿತ್ಸೆ ತಡೆಯುವ ಮಾರ್ಗಸೂಚಿಯನ್ನು ಎಲ್ಲ ರಾಜ್ಯಗಳೂ ಜಾರಿಗೆ ತರಬೇಕೆಂದು ಸುಪ್ರೀಂ ಕೋರ್ಟ್ 2023ರಲ್ಲಿ ಹೇಳಿದೆ. ನಾಚಿಕೆಪಡಬೇಕಾದವಳು ನೀನಲ್ಲ.

ಈಗ ಮಾಡಬೇಕಾದದ್ದು: ಅಂದಿನ ಡಿಸ್ಚಾರ್ಜ್ ಕಾಗದ ಹುಡುಕು. ಅಂಡಾಶಯ ಉಳಿಸಿದ್ದಾರೋ, ಅದನ್ನೂ ತೆಗೆದಿದ್ದಾರೋ ಅದರಲ್ಲಿ ಬರೆದಿರುತ್ತದೆ. ನಮ್ಮ ದೇಶದ ಹೆಣ್ಣುಮಕ್ಕಳಿಗೆ ಮುಟ್ಟು ನಿಲ್ಲುವುದು ಸರಾಸರಿ 46–47ಕ್ಕೆ. ಅಂಡಾಶಯ ತೆಗೆದಿದ್ದರೆ ಹಾರ್ಮೋನು ಅಂದೇ ನಿಂತಿದೆ. ಉಳಿಸಿದ್ದರೂ ಬೇಗ ಇಳಿಯಬಹುದು. ಮೈ ಉರಿಗೆ ಇದೇ ಕಾರಣವಿರಬೇಕು, ಎಲುಬು ಸವೆಯುವ ಭಯವೂ ಇದೆ. ಕಾಗದ ಹಿಡಿದು ಸ್ತ್ರೀರೋಗ ತಜ್ಞರ ಬಳಿ ಹೋಗು. ನಿನಗೆ ಹಾರ್ಮೋನು ಮಾತ್ರೆ ಹೊಂದುತ್ತದೆಯೇ ಎಂದು ಅವರು ನೋಡುತ್ತಾರೆ. ಕೂದಲು ಉದುರುವುದಕ್ಕೆ ರಕ್ತ, ಥೈರಾಯ್ಡ್ ಪರೀಕ್ಷೆಯೂ ಆಗಲಿ. ಹಾಲು, ಎಳ್ಳು, ರಾಗಿ, ನುಗ್ಗೆಸೊಪ್ಪು ಊಟದಲ್ಲಿರಲಿ. ಕಾಗದ ಸಿಗಲಿಲ್ಲವೆಂದು ಸುಮ್ಮನಾಗಬೇಡ, ಸ್ಕ್ಯಾನ್ ಮಾಡಿಸಿ ತಿಳಿಯಬಹುದು.

ಪ್ರಶ್ನೆ: ನನಗೆ 46. ಹೊಲದ ಕೆಲಸ. ಕೆನ್ನೆ ಮೇಲೆ ಬಂಗು ಬಂದಾಗ ಅಂಗಡಿಯವರು ಒಂದು ಟ್ಯೂಬ್ ಕೊಟ್ಟರು. ತಿಂಗಳಲ್ಲಿ ಮುಖ ಬೆಳ್ಳಗಾಯಿತು. ಈಗ ಬಿಸಿಲಿಗೆ ಹೋದರೆ ಉರಿ, ಕೆಂಪು. ಗಲ್ಲದ ಮೇಲೆ ಕೂದಲೂ ಬಂದಿವೆ. ಟ್ಯೂಬ್ ಹಚ್ಚುವುದು ಬಿಟ್ಟರೆ ಬಂಗು ಇನ್ನೂ ಕಪ್ಪಾಗುತ್ತದೆ. ಕುತ್ತಿಗೆಯೂ ಕಪ್ಪಾಗಿದೆ.
– ಓದುಗರು, ಯಾದಗಿರಿ

ಉತ್ತರ: ಅಕ್ಕಾ, ಟ್ಯೂಬಿನ ಮೇಲೆ ಬೆಟಾಮೆಥಾಸೋನ್, ಮೊಮೆಟಾಸೋನ್, ಕ್ಲೋಬೆಟಾಸೋಲ್ ಎಂಬ ಹೆಸರಿದೆಯೇ ಎಂದು ಯಾರಿಂದಾದರೂ ಓದಿಸಿ. ಇವು ಸ್ಟಿರಾಯ್ಡ್‌ಗಳು. ಚರ್ಮ ತೆಳುವಾಗಿಸಿ, ಕೂದಲು ಬರಿಸಿ, ಬಿಟ್ಟಾಗ ಮತ್ತೆ ಉರಿ ಎಬ್ಬಿಸುವುದು ಇವುಗಳ ಗುಣ. 2018ರಲ್ಲಿ ಕೇಂದ್ರ ಸರ್ಕಾರ ಇಂಥ 14 ಮುಲಾಮುಗಳನ್ನು ವೈದ್ಯರ ಚೀಟಿಯಿಲ್ಲದೆ ಮಾರಬಾರದೆಂದು ಆದೇಶಿಸಿತು. ಇನ್ನೊಂದು ಟ್ಯೂಬ್ ಕೊಳ್ಳಬೇಡಿ. ಇದೇ ಟ್ಯೂಬ್ ಹಿಡಿದು ಚರ್ಮವೈದ್ಯರ ಬಳಿ ಹೋಗಿ. ಬಿಡಿಸುವ ಕ್ರಮ ಅವರು ಹೇಳುತ್ತಾರೆ.

ಬಂಗಿಗೆ ಹಾರ್ಮೋನು, ಬಿಸಿಲು ಎರಡೂ ಕಾರಣ. ಹೊಲಕ್ಕೆ ಹೊರಟಾಗ ಸೆರಗು ಹಣೆ, ಕೆನ್ನೆ ಮುಚ್ಚುವಂತಿರಲಿ. ಬಂಗು ತಿಳಿಯಾಗಲು ತಿಂಗಳುಗಳೇ ಬೇಕು, ಪೂರ್ತಿ ಹೋಗದೆಯೂ ಇರಬಹುದು. ಕುತ್ತಿಗೆಯ ವಿಚಾರ ಬೇರೆ. ಅಲ್ಲಿ ಚರ್ಮ ಕಪ್ಪಾಗಿ ದಪ್ಪಗಾಗಿದ್ದರೆ ಸಕ್ಕರೆ ಕಾಯಿಲೆಯ ಮುನ್ಸೂಚನೆ ಇರಬಹುದು. ತಿಕ್ಕಿ ತೊಳೆಯುವುದರ ಬದಲು ರಕ್ತ ಪರೀಕ್ಷೆ ಮಾಡಿಸಿ.

ಮೂವರಿಗೂ ಒಂದು ಮಾತು. ನೆರಿಗೆ, ನರೆ, ಸಡಿಲಾದ ಮೈ ಕಾಯಿಲೆಯಲ್ಲ, ಅವುಗಳಿಗೆ ಮದ್ದು ಹುಡುಕಿ ದುಡ್ಡು ಕಳೆಯಬೇಡಿ. ಆದರೆ ಮುಟ್ಟು ನಿಂತು ವರ್ಷವಾದ ಮೇಲೆ ಒಂದು ಹನಿ ರಕ್ತ ಕಂಡರೂ, ಎದೆಯಲ್ಲಿ ಗಂಟು ಸಿಕ್ಕರೂ ಆ ವಾರದೊಳಗೆ ವೈದ್ಯರಿಗೆ ತೋರಿಸಿ. ಮೈ ಚೆನ್ನಾಗಿಲ್ಲವೆಂಬ ನಾಚಿಕೆಗೆ ತೋರಿಸದೆ ಉಳಿದು, ತಡವಾಗಿ ಬರುವ ಹೆಣ್ಣುಮಕ್ಕಳನ್ನು ಕಂಡಾಗ ನನಗೆ ಸಂಕಟವಾಗುತ್ತದೆ. ಪರೀಕ್ಷೆಯ ಮೇಜಿನ ಮೇಲೆ ನಿಮ್ಮ ಮೈ ಚೆಂದವೋ ಅಲ್ಲವೋ ಎಂದು ನಾವು ನೋಡುವುದಿಲ್ಲ. ಬನ್ನಿ.